ಜಿಲ್ಲೆಯ ಟಿ.ವಿ., ರೇಡಿಯೊ ವರದಿಗಾರಿಕೆ: ಹುಬ್ಬಳ್ಳಿ-ಧಾರವಾಡ, ಗದಗ, ಹಾವೇರಿಯವರು ಪದೇ ಪದೇ ಕೇಳುವ ಪ್ರಶ್ನೆಗಳು

ಜಿಲ್ಲೆಯಿಂದ ಸುದ್ದಿ ಕಳಿಸುವವರಿಗೂ ಸ್ಟುಡಿಯೊದಲ್ಲಿ ಕೂತು ಓದುವವರಿಗೂ ಇರುವ ದೊಡ್ಡ ವ್ಯತ್ಯಾಸ ಕ್ಯಾಮೆರಾದ್ದಲ್ಲ. ಜಿಲ್ಲೆಯವರು ಇವತ್ತು ಯಾರನ್ನು ತೋರಿಸಿದರೋ ನಾಳೆ ಅವರ ಎದುರಿಗೇ ಬಸ್‌ ಸ್ಟ್ಯಾಂಡಿನಲ್ಲಿ ನಿಲ್ಲಬೇಕು. ಕೆಳಗಿನ ಉತ್ತರಗಳನ್ನು ಈ ಮಾತು ಮನಸ್ಸಿನಲ್ಲಿಟ್ಟುಕೊಂಡೇ ಬರೆದಿದ್ದೇವೆ.

ಬ್ಯೂರೋ ವರದಿಗಾರ, ಜಿಲ್ಲಾ ವರದಿಗಾರ, ಸ್ಟ್ರಿಂಗರ್: ಇವರಲ್ಲಿ ಯಾರು ಯಾರು?

ಬ್ಯೂರೋ ವರದಿಗಾರರು ವಾಹಿನಿಯ ಸಂಬಳದ ನೌಕರರು. ಸಾಮಾನ್ಯವಾಗಿ ಅವರ ಜೊತೆ ಕ್ಯಾಮೆರಾಮನ್, ವಾಹನ, ಲೈವ್ ಕೊಡುವ ಬ್ಯಾಕ್‌ಪ್ಯಾಕ್ ಇರುತ್ತದೆ. ಜಿಲ್ಲಾ ವರದಿಗಾರರು ಕೆಲವು ವಾಹಿನಿಗಳಲ್ಲಿ ನೌಕರರು, ಕೆಲವು ಕಡೆ ವರ್ಷದ ಕರಾರಿನವರು. ಸ್ಟ್ರಿಂಗರ್‌ಗೆ ಸುದ್ದಿಯ ಲೆಕ್ಕದಲ್ಲೋ ತಿಂಗಳಿಗೆ ಗೊತ್ತುಪಡಿಸಿದ ಮೊತ್ತದಲ್ಲೋ ಹಣ ಬರುತ್ತದೆ. ಕ್ಯಾಮೆರಾ, ಬೈಕು, ಪೆಟ್ರೋಲು ಎಲ್ಲ ಅವರದೇ. ಪರದೆಯ ಮೇಲೆ ಮೂವರ ಹೆಸರಿನ ಕೆಳಗೂ ‘ವರದಿಗಾರ’ ಎಂದೇ ಬರುತ್ತದೆ. ವ್ಯತ್ಯಾಸ ಗೊತ್ತಾಗುವುದು ಅಪಘಾತವಾಗಿ ಆಸ್ಪತ್ರೆಯ ಬಿಲ್ಲು ಕೈಗೆ ಬಂದಾಗ. ಆದ್ದರಿಂದ ಲೋಗೋ ಕೈಗೆ ಬಂತೆಂದು ಹಿಗ್ಗುವ ಮೊದಲು ನೀವು ಯಾವ ಸಾಲಿಗೆ ಸೇರುತ್ತೀರಿ ಎಂಬುದನ್ನು ಕಾಗದದ ಮೇಲೆ ಬರೆಸಿಕೊಳ್ಳಿ.

ವಾಹಿನಿಗಳೆಲ್ಲ ಹುಬ್ಬಳ್ಳಿಯಲ್ಲೇ ಬ್ಯೂರೋ ಇಡುವುದು ಯಾಕೆ?

ಪ್ರಸಾರದ ಹಳೆಯ ಮನೆ ಧಾರವಾಡ. ಇಲ್ಲಿನ ಆಕಾಶವಾಣಿ 1950ರ ಜನವರಿ 8ರಂದು ಆರಂಭವಾಯಿತು. 765 ಕಿಲೊಹರ್ಟ್ಸ್‌ನಲ್ಲಿ ಇಂದಿಗೂ ಉತ್ತರ ಕರ್ನಾಟಕದ ಹೊಲಮನೆಗಳನ್ನು ತಲುಪುತ್ತದೆ. ಖಾಸಗಿ ಟಿ.ವಿ. ಬಂದದ್ದು ತಡವಾಗಿ: 1994ರಲ್ಲಿ ಉದಯ, 2000ದ ಕೊನೆಗೆ ಈಟಿವಿ ಕನ್ನಡ, 2006ರ ಕೊನೆಗೆ ಟಿವಿ9, 2008ರಲ್ಲಿ ಸುವರ್ಣ ನ್ಯೂಸ್, 2012ರಲ್ಲಿ ಪಬ್ಲಿಕ್ ಟಿವಿ. ದಿನವಿಡೀ ಸುದ್ದಿ ಶುರುವಾದ ಮೇಲೆ ಜಿಲ್ಲೆಗೊಬ್ಬ ಮನುಷ್ಯ ಬೇಕಾದ.

ಹುಬ್ಬಳ್ಳಿಯಲ್ಲಿ ನೈಋತ್ಯ ರೈಲ್ವೆಯ ಕೇಂದ್ರ ಕಚೇರಿ, ವಾಯವ್ಯ ಸಾರಿಗೆ, ವಿದ್ಯುತ್ ಕಂಪನಿ ಹೆಸ್ಕಾಂ, ಕಿಮ್ಸ್ ಎಂದೇ ಜನ ಕರೆಯುವ ದೊಡ್ಡ ಸರ್ಕಾರಿ ಆಸ್ಪತ್ರೆ, ಪೊಲೀಸ್ ಕಮಿಷನರೇಟ್ ಇವೆ. ಇಪ್ಪತ್ತು ಕಿಲೊಮೀಟರ್ ಆಚೆ ಧಾರವಾಡದಲ್ಲಿ ಜಿಲ್ಲಾಧಿಕಾರಿ ಕಚೇರಿ, ಎರಡು ದೊಡ್ಡ ವಿಶ್ವವಿದ್ಯಾಲಯಗಳು, 2008ರಲ್ಲಿ ಸಂಚಾರಿ ಪೀಠವಾಗಿ ಶುರುವಾಗಿ 2013ರಲ್ಲಿ ಕಾಯಂ ಆದ ಹೈಕೋರ್ಟ್ ಪೀಠ. ಗದಗ, ಹಾವೇರಿ 1997ರವರೆಗೆ ಧಾರವಾಡ ಜಿಲ್ಲೆಯೊಳಗೇ ಇದ್ದವು. ಜಿಲ್ಲೆ ಬೇರೆಯಾದರೂ ಗಂಭೀರ ಗಾಯಾಳು ಇಂದಿಗೂ ಕಿಮ್ಸ್‌ಗೇ ಬರುತ್ತಾರೆ, ಹೈಕೋರ್ಟ್ ಕೇಸು ಇಂದಿಗೂ ಧಾರವಾಡಕ್ಕೇ ಬರುತ್ತದೆ. ಹಾನಗಲ್‌ನಲ್ಲಿ ಅಪಘಾತವಾದರೆ ಸುದ್ದಿಯ ಅರ್ಧ ಹಾವೇರಿಯವರ ಕೈಯಲ್ಲಿ, ಉಳಿದರ್ಧ ಹುಬ್ಬಳ್ಳಿಯವರ ಕೈಯಲ್ಲಿ. ಇಬ್ಬರೂ ಫೋನಿನಲ್ಲಿ ಮಾತಾಡಿಕೊಳ್ಳದಿದ್ದರೆ ಒಂದೇ ವಾಹಿನಿಯಲ್ಲಿ ಎರಡು ಸಾವಿನ ಸಂಖ್ಯೆ ಓಡುತ್ತವೆ.

ಏನು ಓದಿರಬೇಕು?

ಪದವಿ ಇರಲಿ, ಯಾವುದಾದರೂ ಆಗಬಹುದು. ಪತ್ರಿಕೋದ್ಯಮವನ್ನೇ ಓದುವುದಾದರೆ ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ಪದವಿಗೆ, ಕರ್ನಾಟಕ ವಿಶ್ವವಿದ್ಯಾಲಯದಲ್ಲಿ ಸ್ನಾತಕೋತ್ತರಕ್ಕೆ ಅವಕಾಶವಿದೆ. ಕೃಷಿ ವಿಶ್ವವಿದ್ಯಾಲಯದ ಸಮುದಾಯ ಬಾನುಲಿ ಕೇಂದ್ರದಂಥ ಕಡೆ ಆರು ತಿಂಗಳು ಮೈಕಿನ ಮುಂದೆ ಕೂತವರಿಗೆ ದನಿಯ ಹೆದರಿಕೆ ಹೋಗಿರುತ್ತದೆ. ಪದವಿಗಿಂತ ಹೆಚ್ಚು ಉಪಯೋಗಕ್ಕೆ ಬರುವ ಮೂರು ವಿದ್ಯೆಗಳೆಂದರೆ ತಪ್ಪಿಲ್ಲದ ಕನ್ನಡ ಟೈಪಿಂಗ್, ಎಫ್‌ಐಆರ್ ಮತ್ತು ಪಹಣಿ ಓದಲು ಬರುವುದು, ಹಿಂದಿಯಲ್ಲಿ ಪ್ರಶ್ನೆ ಕೇಳುವಷ್ಟು ಹಿಡಿತ. ಹಿಂದಿ ಯಾಕೆಂದರೆ ಹುಬ್ಬಳ್ಳಿಯ ರೈಲ್ವೆ ಅಧಿಕಾರಿಗಳಲ್ಲಿ, ದೆಹಲಿಯಿಂದ ಬರುವ ನಾಯಕರಲ್ಲಿ ಹಲವರ ಬೈಟ್ (ಕ್ಯಾಮೆರಾ ಮುಂದೆ ಆಡುವ ಮಾತು) ಸಿಗುವುದು ಅದರಲ್ಲೇ.

ಧಾರವಾಡ ಆಕಾಶವಾಣಿಯಲ್ಲಿ ಸುದ್ದಿ ಓದಲು ಏನು ಮಾಡಬೇಕು?

ಇದಕ್ಕೆ ಎರಡು ದಾರಿಗಳಿವೆ. ಒಂದು, ದಿನದ ಲೆಕ್ಕದಲ್ಲಿ ಕರೆಯುವ ಸುದ್ದಿವಾಚಕ-ಅನುವಾದಕರ ಪಟ್ಟಿ. ಇದಕ್ಕೆ ಪ್ರಸಾರ ಭಾರತಿ ಪ್ರಕಟಣೆ ಹೊರಡಿಸುತ್ತದೆ, ಲಿಖಿತ ಪರೀಕ್ಷೆ ಮತ್ತು ಧ್ವನಿ ಪರೀಕ್ಷೆ ಎರಡೂ ಇರುತ್ತವೆ. ಬಹಳ ಜನ ಸೋಲುವುದು ದನಿಯಲ್ಲಲ್ಲ, ಅನುವಾದದಲ್ಲಿ. ಇಂಗ್ಲಿಷ್ ಸುದ್ದಿಯ ಉದ್ದ ವಾಕ್ಯವನ್ನು ಕನ್ನಡದಲ್ಲಿ ಎರಡು-ಮೂರು ತುಂಡು ಮಾಡಲು ಬಾರದೆ, ‘ಎಂದು ಹೇಳಿದ್ದಾರೆ’ ಬರುವ ಹೊತ್ತಿಗೆ ಕೇಳುಗ ಕರ್ತೃವನ್ನೇ ಮರೆತಿರುವಂತೆ ಬರೆಯುತ್ತಾರೆ. ದಿನಕ್ಕೆ ಐದು ಸುದ್ದಿಯಂತೆ ಮೂರು ತಿಂಗಳು ಅನುವಾದಿಸಿ, ಗಟ್ಟಿಯಾಗಿ ಓದಿ. ಓದುವಾಗ ಉಸಿರು ಸಾಲದ ವಾಕ್ಯ ಇನ್ನೂ ಉದ್ದವಿದೆ ಎಂದೇ ಅರ್ಥ.

ಇನ್ನೊಂದು, ಜಿಲ್ಲೆಯ ಅರೆಕಾಲಿಕ ಬಾತ್ಮೀದಾರ, ಅಂದರೆ ವರದಿಗಾರ. ಪ್ರಕಟಣೆಗಳಲ್ಲಿ ಸಾಮಾನ್ಯವಾಗಿ ಕಾಣುವ ಷರತ್ತುಗಳು ಹೀಗಿವೆ: ವಯಸ್ಸು 24ರಿಂದ 45, ಜಿಲ್ಲಾ ಕೇಂದ್ರದ 10 ಕಿಲೊಮೀಟರ್ ಒಳಗೆ ವಾಸ, ಪತ್ರಿಕೋದ್ಯಮದ ಪದವಿ ಅಥವಾ ಡಿಪ್ಲೊಮಾ, ಇಲ್ಲವೇ ಬೇರೆ ಪದವಿಯ ಜೊತೆ ಎರಡು ವರ್ಷದ ಅನುಭವ. ವಾಸದ ದಾಖಲೆ ಬೇರೆ ತಾಲ್ಲೂಕಿನದಾಗಿ ಅರ್ಜಿ ಬಿದ್ದುಹೋಗದಂತೆ ಮೊದಲೇ ನೋಡಿಕೊಳ್ಳಿ.

ನಮ್ಮ ಧಾರವಾಡ ಕಡೆಯ ಮಾತು ಟಿ.ವಿ.ಗೆ ಅಡ್ಡಿಯಾಗುತ್ತದೆಯೇ?

ಇಲ್ಲ. ಆದರೆ ಎರಡು ಸಂಗತಿಗಳನ್ನು ಬೇರೆ ಬೇರೆ ಇಡಬೇಕು. ನಿಮ್ಮ ದನಿಯಲ್ಲಿ ಹೋಗುವ ವಾಯ್ಸ್ ಓವರ್ ಎಲ್ಲ ಜಿಲ್ಲೆಗೂ ಅರ್ಥವಾಗಬೇಕು. ಅದರಲ್ಲಿ ‘ಮನೆ’ ‘ಮನಿ’ ಆದರೆ, ‘ಶಾಲೆ’ ‘ಸಾಲಿ’ ಆದರೆ ಸುದ್ದಿ ತಿದ್ದುವ ಡೆಸ್ಕ್ ವಾಪಸ್ ಕಳಿಸುತ್ತದೆ. ಪದದ ಕೊನೆಯ ‘ಎ’ ನಮ್ಮ ಬಾಯಲ್ಲಿ ‘ಇ’ ಆಗುವುದು, ‘ಶ’ ‘ಸ’ ಆಗುವುದು, ಇವೆರಡನ್ನೂ ತಿದ್ದಿಕೊಂಡರೆ ಮುಕ್ಕಾಲು ಕೆಲಸ ಮುಗಿಯಿತು. ‘ಶಾಸಕ’, ‘ಸಂಶಯ’, ‘ಸಶಸ್ತ್ರ’, ‘ಘಟನೆ’, ‘ಅಧಿಕಾರಿ’: ಇವನ್ನು ಫೋನಿನಲ್ಲಿ ರೆಕಾರ್ಡ್ ಮಾಡಿ, ಒಂದು ದಿನ ಬಿಟ್ಟು ಕೇಳಿ. ಅದೇ ದಿನ ಕೇಳಿದರೆ ನಿಮ್ಮ ಕಿವಿ ನಿಮಗೇ ಮೋಸ ಮಾಡುತ್ತದೆ.

ಜನರ ಬೈಟ್ ಮಾತ್ರ ತಿದ್ದಬೇಡಿ. ‘ಪೀಕು ಪೂರಾ ಹಾಳಾಗೇತ್ರಿ, ಏನ್ ಮಾಡೂದ್ರಿ’ ಎಂದು ನವಲಗುಂದದ ರೈತ ಹೇಳಿದ್ದನ್ನು ‘ಸ್ವಲ್ಪ ಶುದ್ಧ ಮಾತಾಡ್ರಿ’ ಎಂದು ಮತ್ತೆ ಹೇಳಿಸಿದರೆ ಮಾತಿನ ಜೀವವೇ ಹೋಗುತ್ತದೆ. ಸ್ಕ್ರಿಪ್ಟಿನಲ್ಲೂ ಊರಿನ ಪದ ಬಿಡಬೇಡಿ. ಗೋವಿನಜೋಳ, ಉಳ್ಳಾಗಡ್ಡಿ, ಎರಿ ಹೊಲ ಎಂದು ಬರೆಯಿರಿ. ಮೊದಲ ಸಲ ಮಾತ್ರ ‘ಗೋವಿನಜೋಳ, ಅಂದರೆ ಮೆಕ್ಕೆಜೋಳ’ ಎಂದರೆ ಸಾಕು. ಊರ ಹೆಸರುಗಳನ್ನು ಡೆಸ್ಕಿಗೆ ದೊಡ್ಡ ಅಕ್ಷರದಲ್ಲಿ ಬರೆದು ಕಳಿಸಿ. ಶಿಗ್ಗಾವಿ, ರಾಣೆಬೆನ್ನೂರು, ರಟ್ಟೀಹಳ್ಳಿ, ಗಜೇಂದ್ರಗಡ ಪರದೆಯ ಮೇಲೆ ತಪ್ಪಾಗಿ ಬಂದರೆ ಊರವರು ಬೈಯುವುದು ನಿಮ್ಮನ್ನೇ.

ಸುದ್ದಿ ಸಿಗುವುದು ಎಲ್ಲಿಂದ?

ವಾಟ್ಸ್‌ಆ್ಯಪ್ ಗುಂಪಿನಿಂದ ಬರುವುದು ಎಲ್ಲರಿಗೂ ಬರುತ್ತದೆ. ನಿಮ್ಮ ಸ್ವಂತ ಸುದ್ದಿ ಬರುವುದು ಬೆಳಿಗ್ಗೆಯ ಫೋನಿನಿಂದ: ಕಂಟ್ರೋಲ್ ರೂಮ್, ಅಗ್ನಿಶಾಮಕ ಠಾಣೆ, ಕಿಮ್ಸ್ ಅಥವಾ ಜಿಲ್ಲಾ ಆಸ್ಪತ್ರೆಯ ಹೊರ ಪೊಲೀಸ್ ಠಾಣೆ, ಎಪಿಎಂಸಿ. ಇಷ್ಟಕ್ಕೆ ಅರ್ಧ ಗಂಟೆ ಸಾಕು. ಜೊತೆಗೆ ವಾರಕ್ಕೊಮ್ಮೆ ತಾಲ್ಲೂಕು ಕಚೇರಿಯ ನೋಟಿಸ್ ಬೋರ್ಡ್, ಪಂಚಾಯಿತಿ ಟೆಂಡರ್‌ಗಳನ್ನು ನೋಡಿ. ದಾಖಲೆ ಬೇಕಿದ್ದರೆ ಮಾಹಿತಿ ಹಕ್ಕು: 10 ರೂಪಾಯಿ ಶುಲ್ಕ, 30 ದಿನದಲ್ಲಿ ಉತ್ತರ. ಕರ್ನಾಟಕದ ನಿಯಮದಲ್ಲಿ ಅರ್ಜಿ 150 ಪದ ಮೀರಬಾರದು, ಒಂದೇ ವಿಷಯಕ್ಕೆ ಸೀಮಿತವಾಗಿರಬೇಕು. ನಾಲ್ಕು ವಿಷಯ ಒಂದರಲ್ಲೇ ತುಂಬಿದ್ದಕ್ಕೆ ತಿರಸ್ಕೃತವಾದ ಅರ್ಜಿಗಳಿಗೆ ಲೆಕ್ಕವಿಲ್ಲ.

ಈ ಭಾಗದಲ್ಲಿ ಕೆಲಸ ಮಾಡಲು ಯಾವ ಹಿನ್ನೆಲೆ ಗೊತ್ತಿರಲೇಬೇಕು?

ರೈತ ಮತ್ತು ನೀರು. 1980ರ ಜುಲೈ 21ರ ನರಗುಂದದ ರೈತ ಬಂಡಾಯ ಗೊತ್ತಿಲ್ಲದವರಿಗೆ ಪ್ರತಿ ವರ್ಷ ಆ ದಿನ ಅಲ್ಲಿ ಜನ ಯಾಕೆ ಸೇರುತ್ತಾರೆಂಬುದೇ ತಿಳಿಯುವುದಿಲ್ಲ. 2008ರ ಜೂನ್ 10ರಂದು ಹಾವೇರಿಯಲ್ಲಿ ಗೊಬ್ಬರ ಕೇಳಿದ ರೈತರ ಮೇಲೆ ಗೋಲಿಬಾರ್ ಆಗಿ ಇಬ್ಬರು ಸತ್ತರು. ಅಂದಿನಿಂದ ಬಿತ್ತನೆ ಕಾಲದಲ್ಲಿ ಗೊಬ್ಬರದ ಸಾಲು ಉದ್ದವಾದರೆ ಆಡಳಿತ ಬೆಚ್ಚುತ್ತದೆ.

ಮಹದಾಯಿ ನದಿ ನೀರಿನ ವಿಷಯದಲ್ಲಂತೂ ಅಂಕಿಗಳು ಬಾಯಿಪಾಠವಾಗಿರಬೇಕು. 2018ರ ಆಗಸ್ಟ್ 14ರ ನ್ಯಾಯಮಂಡಳಿ ತೀರ್ಪು ಕರ್ನಾಟಕಕ್ಕೆ ಕೊಟ್ಟದ್ದು 13.42 ಟಿಎಂಸಿ (ಒಂದು ಟಿಎಂಸಿ ಅಂದರೆ ನೂರು ಕೋಟಿ ಘನ ಅಡಿ ನೀರು). ಅದರಲ್ಲಿ 8.02 ವಿದ್ಯುತ್ ಉತ್ಪಾದನೆಗೆ, 1.5 ಕಣಿವೆಯೊಳಗಿನ ಬಳಕೆಗೆ. ಮಲಪ್ರಭೆಗೆ ತಿರುಗಿಸಲು ಸಿಕ್ಕಿದ್ದು ಕಳಸಾ ಹಳ್ಳದಿಂದ 1.72, ಬಂಡೂರಿ ಹಳ್ಳದಿಂದ 2.18, ಒಟ್ಟು 3.9 ಟಿಎಂಸಿ. ವೇದಿಕೆಯ ಮೇಲೆ ಯಾರಾದರೂ ‘ಹದಿಮೂರು ಟಿಎಂಸಿ ಕುಡಿಯೋ ನೀರು’ ಎಂದರೆ ಬೈಟ್ ಹಾಗೇ ಬಿಡಬೇಡಿ, ಅಲ್ಲೇ ಮರುಪ್ರಶ್ನೆ ಕೇಳಿ.

ಕಿಟ್‌ನಲ್ಲಿ ಏನೇನಿರಬೇಕು?

ಫೋನಿನಲ್ಲೇ ಶುರು ಮಾಡುವವರು ಮೊದಲ ಹಣವನ್ನು ಕ್ಯಾಮೆರಾಕ್ಕಲ್ಲ, ಮೈಕಿಗೆ ಹಾಕಿ. ನಡುಗಿದ ದೃಶ್ಯವನ್ನು ನೋಡುಗರು ಸಹಿಸುತ್ತಾರೆ, ಕೇಳದ ಮಾತನ್ನು ಸಹಿಸುವುದಿಲ್ಲ. ಕೈಮೈಕ್ ಒಂದು, ಕಾಲರಿಗೆ ಸಿಗಿಸುವ ವೈರ್‌ಲೆಸ್ ಮೈಕ್ ಒಂದು, ವೈರ್‌ಲೆಸ್ ಕೈಕೊಟ್ಟಾಗ ಬಳಸಲು ವೈರಿನ ಮೈಕ್ ಒಂದು. ಗದಗ ಗಾಳಿಯ ಜಿಲ್ಲೆ, ಗಾಳಿಯಂತ್ರಗಳು ಸುಮ್ಮನೆ ಅಲ್ಲಿ ನಿಂತಿಲ್ಲ. ಮೈಕಿಗೆ ತುಪ್ಪಳದ ಕವರ್ ಇಲ್ಲದೆ ಕಪ್ಪತಗುಡ್ಡದ ಕಡೆ ಹೋದರೆ ಬೈಟಿನ ತುಂಬ ಗಾಳಿಯೇ ಇರುತ್ತದೆ. ಕಿವಿಗೆ ಇಯರ್‌ಫೋನ್ ಹಾಕಿಕೊಂಡೇ ರೆಕಾರ್ಡ್ ಮಾಡಿ. ದನಿಯ ಮಟ್ಟ ಮೈನಸ್ 12 ಡೆಸಿಬೆಲ್ ಆಸುಪಾಸು ಇರಲಿ.

ಉಳಿದದ್ದು ಟ್ರೈಪಾಡ್, 20,000 ಎಂಎಎಚ್‌ನ ಪವರ್ ಬ್ಯಾಂಕ್, ಎರಡು ಮೆಮೊರಿ ಕಾರ್ಡ್, ಎರಡು ಬೇರೆ ಕಂಪನಿಯ ಸಿಮ್, ರೇನ್‌ಕೋಟ್, ಕ್ಯಾಮೆರಾ ಮುಚ್ಚಲು ದಪ್ಪ ಪ್ಲಾಸ್ಟಿಕ್ ಚೀಲ. ಮಳೆಯಾದ ಮೇಲೆ ಎರಿ ಹೊಲದ ದಾರಿಗೆ ಬೈಕ್ ಇಳಿಸಬೇಡಿ. ಮಣ್ಣು ಮಡ್‌ಗಾರ್ಡಿನಲ್ಲಿ ತುಂಬಿ ಚಕ್ರ ಕಚ್ಚಿಕೊಳ್ಳುತ್ತದೆ, ನಡೆದು ಹೋದವರು ನಿಮಗಿಂತ ಮೊದಲು ಮುಟ್ಟುತ್ತಾರೆ.

ಒಂದು ಸುದ್ದಿಗೆ ಎಷ್ಟು ಶಾಟ್ ಬೇಕು? ಹೇಗೆ ತೆಗೆಯಬೇಕು?

ಫೋನ್ ಅಡ್ಡ ಹಿಡಿಯಿರಿ, ಏರೋಪ್ಲೇನ್ ಮೋಡ್ ಹಾಕಿ, ಇಲ್ಲದಿದ್ದರೆ ಒಳ್ಳೆಯ ಬೈಟಿನ ಮಧ್ಯೆ ಕರೆ ಬಂದು ರೆಕಾರ್ಡಿಂಗ್ ನಿಲ್ಲುತ್ತದೆ. ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಇಡಿ. ನಮ್ಮ ವಿದ್ಯುತ್ 50 ಹರ್ಟ್ಸ್‌ನದು. ಬೇರೆ ಲೆಕ್ಕ ಇಟ್ಟರೆ ಕಚೇರಿಯ ಟ್ಯೂಬ್‌ಲೈಟ್ ಕೆಳಗೆ ಚಿತ್ರ ಮಿಣುಕುತ್ತದೆ. ಪ್ರತಿ ಶಾಟ್ 10 ಸೆಕೆಂಡ್ ಅಲುಗಾಡದೆ ಹಿಡಿಯಿರಿ. ಎರಡು ನಿಮಿಷದ ಪ್ಯಾಕೇಜಿಗೆ (ದೃಶ್ಯ, ಬೈಟ್, ನಿಮ್ಮ ದನಿ ಸೇರಿಸಿ ಮಾಡಿದ ಪೂರ್ತಿ ವರದಿಗೆ) 20ರಿಂದ 25 ಶಾಟ್ ಬೇಕಾಗುತ್ತದೆ. ಅದರಲ್ಲಿ ದೂರದ್ದು, ನಡುವಿನದ್ದು, ಹತ್ತಿರದ್ದು ಮೂರೂ ಇರಲಿ. ಊರ ಹೆಸರಿರುವ ಫಲಕ ಒಂದು ಕಡ್ಡಾಯ. ಬೈಟ್ ಕೊಡುವವರ ಹಿಂದೆ ಕಿಟಕಿ ಇದ್ದರೆ ಮುಖ ಕಪ್ಪಾಗುತ್ತದೆ, ಅವರನ್ನು ತಿರುಗಿಸಿ ನಿಲ್ಲಿಸಿ. ಕೊನೆಗೆ ಯಾರೂ ಮಾತಾಡದೆ 30 ಸೆಕೆಂಡ್ ಆ ಜಾಗದ ಸದ್ದನ್ನಷ್ಟೇ ರೆಕಾರ್ಡ್ ಮಾಡಿ. ಎಡಿಟಿಂಗ್‌ನಲ್ಲಿ ಎರಡು ಬೈಟುಗಳ ಬಿರುಕು ಮುಚ್ಚುವುದು ಆ ಸದ್ದೇ.

ಬೈಟ್ ಮುಗಿದ ಕೂಡಲೇ ಹೆಸರು, ಊರು, ಹುದ್ದೆಯನ್ನು ಅವರ ಬಾಯಿಂದಲೇ ಕ್ಯಾಮೆರಾದಲ್ಲಿ ಹೇಳಿಸಿ. ನೋಟ್‌ಬುಕ್ ಕಳೆಯಬಹುದು, ಇದು ಕಳೆಯುವುದಿಲ್ಲ.

ಪ್ಯಾಕೇಜ್ ಬರೆಯುವುದು ಹೇಗೆ?

ಕನ್ನಡದಲ್ಲಿ ಆರಾಮವಾಗಿ ಓದಿದರೆ ನಿಮಿಷಕ್ಕೆ ಸುಮಾರು 100 ಪದ. ಎರಡು ನಿಮಿಷದ ಪ್ಯಾಕೇಜಿನಲ್ಲಿ ಬೈಟು, ಪಿಟಿಸಿ (ವರದಿಗಾರ ಕ್ಯಾಮೆರಾ ನೋಡಿ ಹೇಳುವ ಮಾತು) ಸೇರಿ 50 ಸೆಕೆಂಡ್ ಹೋದರೆ ನಿಮ್ಮ ದನಿಗೆ ಉಳಿಯುವುದು 70 ಸೆಕೆಂಡ್, ಅಂದರೆ 115 ಪದ. ಹೊಸಬರು 250 ಪದ ಬರೆದು, ಡೆಸ್ಕ್ ಕತ್ತರಿಸಿತೆಂದು ಕೊರಗುತ್ತಾರೆ. ಮೊದಲು ಚಿತ್ರಗಳನ್ನು ಜೋಡಿಸಿ, ಆಮೇಲೆ ಮಾತು ಬರೆಯಿರಿ. ಕಣ್ಣಿಗೆ ಕಾಣುವುದನ್ನು ಮತ್ತೆ ಹೇಳಬೇಡಿ. ಬೆಣ್ಣೆಹಳ್ಳ ಉಕ್ಕಿ ಹೆಸರುಕಾಳಿನ ಹೊಲ ಮುಳುಗಿದ್ದು ಪರದೆಯ ಮೇಲೆ ಕಾಣುತ್ತಿರುವಾಗ ‘ಎಲ್ಲಿ ನೋಡಿದರಲ್ಲಿ ನೀರೋ ನೀರು’ ಎಂಬ ಸಾಲು ವ್ಯರ್ಥ. ‘ಇನ್ನೊಂದು ವಾರ ಕಳೆದಿದ್ದರೆ ಈ ಹೆಸರು ರಾಶಿಯಾಗುತ್ತಿತ್ತು’ ಎಂದರೆ ಚಿತ್ರ ಹೇಳದ್ದನ್ನು ಹೇಳಿದಂತಾಯಿತು.

ಕಳಿಸುವಾಗ ತಡವಾಗುತ್ತದೆ, ಏನು ಮಾಡುವುದು?

ಲೆಕ್ಕ ಹಾಕಿ ಹೊರಡಿ. ಎರಡು ನಿಮಿಷದ ದೃಶ್ಯ 8 ಎಂಬಿಪಿಎಸ್‌ನಲ್ಲಿ (ಸೆಕೆಂಡಿಗೆ 8 ಮೆಗಾಬಿಟ್) ಸುಮಾರು 120 ಎಂಬಿ ಆಗುತ್ತದೆ. ಅಪ್‌ಲೋಡ್ ವೇಗ 5 ಎಂಬಿಪಿಎಸ್ ಇದ್ದರೆ ಮೂರೂಕಾಲು ನಿಮಿಷ, 1 ಎಂಬಿಪಿಎಸ್ ಇದ್ದರೆ 16 ನಿಮಿಷ. ಕ್ಯಾಮೆರಾದ ಮೂಲ ಫೈಲ್ 50 ಎಂಬಿಪಿಎಸ್‌ನದಾದರೆ ಒಂದೇ ನಿಮಿಷಕ್ಕೆ 375 ಎಂಬಿ, ಹಳ್ಳಿಯಿಂದ ಅದನ್ನು ಕಳಿಸುವ ಆಸೆ ಬಿಡಿ. ಮೊದಲು 15 ಸೆಕೆಂಡಿನ ಉತ್ತಮ ದೃಶ್ಯ ಮತ್ತು ಒಂದು ಬೈಟ್ ಕಳಿಸಿ, ಉಳಿದದ್ದು ಆಮೇಲೆ. ವಾಹಿನಿಯ ಸರ್ವರಿಗೆ ನೇರ ಫೈಲ್ ಕಳಿಸುವ ಎಫ್‌ಟಿಪಿ ಸಿಗದೆ ವಾಟ್ಸ್‌ಆ್ಯಪ್‌ನಲ್ಲೇ ಕಳಿಸುವುದಾದರೆ ‘ಡಾಕ್ಯುಮೆಂಟ್’ ಆಗಿ ಕಳಿಸಿ. ವಿಡಿಯೊ ಎಂದೇ ಕಳಿಸಿದರೆ ಚಿತ್ರ ಹಿಂಡಿ ಮಂಕಾಗುತ್ತದೆ. ಫೈಲಿನ ಹೆಸರು ‘ದಿನಾಂಕ_ಊರು_ವಿಷಯ’ ಎಂದಿರಲಿ.

ಲೈವ್‌ನಲ್ಲಿ ತಪ್ಪುವುದು ಎಲ್ಲಿ?

ಮುಖ್ಯವಾಗಿ ಮೂರು ಕಡೆ. ಬ್ಯಾಕ್‌ಪ್ಯಾಕ್ ಹಲವು ಸಿಮ್‌ಗಳ ಸಿಗ್ನಲ್ ಕೂಡಿಸಿ ಚಿತ್ರ ಕಳಿಸುತ್ತದೆ. ದೊಡ್ಡ ಸಮಾವೇಶದಲ್ಲಿ ಜನರೆಲ್ಲ ಫೋನ್ ಬಳಸುವಾಗ ಎಲ್ಲ ಸಿಮ್‌ಗಳೂ ಒಟ್ಟಿಗೇ ಸೋಲುತ್ತವೆ. ಹುಬ್ಬಳ್ಳಿಯ ನೆಹರೂ ಮೈದಾನದಂಥ ಕಡೆ ಜನ ತುಂಬುವ ಮೊದಲೇ ಅಂಚಿನ ಎತ್ತರದ ಜಾಗ ಹಿಡಿಯಿರಿ. ಎರಡನೆಯದು, ನಿಮ್ಮ ದನಿ ನಿಮ್ಮ ಕಿವಿಗೇ ತಡವಾಗಿ ವಾಪಸ್ ಬಂದು ಮಾತು ತೊದಲುವುದು. ಕಂಟ್ರೋಲ್ ರೂಮಿನವರಿಗೆ ‘ಮಿಕ್ಸ್ ಮೈನಸ್ ಕೊಡಿ’ ಎನ್ನಿ, ಅಂದರೆ ನಿಮ್ಮ ದನಿ ತೆಗೆದು ಉಳಿದದ್ದನ್ನು ಕಳಿಸುತ್ತಾರೆ. ಮೂರನೆಯದು ಮಾತಿನ ಅಂತರ. ಆ್ಯಂಕರ್ ಪ್ರಶ್ನೆ ಮುಗಿಸಿ ಒಂದೆರಡು ಸೆಕೆಂಡಿಗೆ ನಿಮಗೆ ಕೇಳುತ್ತದೆ. ‘ಹಲೋ, ಹಲೋ’ ಎನ್ನದೆ ಮುಖ ಕ್ಯಾಮೆರಾದತ್ತ ಇಟ್ಟು ಸುಮ್ಮನಿರಿ.

ಗೊತ್ತಿಲ್ಲದ್ದನ್ನು ಆ್ಯಂಕರ್ ಕೇಳಿದರೆ? ‘ಅದು ಇನ್ನೂ ಖಚಿತವಾಗಿಲ್ಲ, ಖಚಿತವಾಗಿರುವುದು ಇಷ್ಟು’ ಎಂದು ಗೊತ್ತಿರುವುದನ್ನು ಹೇಳಿ. ಈ ಒಂದು ವಾಕ್ಯ ಹೇಳಲು ಸಂಕೋಚಪಟ್ಟೇ ಹೆಚ್ಚಿನ ಅನಾಹುತಗಳಾಗುತ್ತವೆ.

ಸಾವಿನ ಸಂಖ್ಯೆ ಯಾವಾಗ ಹೇಳಬಹುದು?

ಹೇಳುವ ಅಧಿಕಾರವಿರುವವರ ಹೆಸರಿನೊಂದಿಗೆ, ಹೇಳಿದ ಸಮಯದೊಂದಿಗೆ ಮಾತ್ರ. 2019ರ ಮಾರ್ಚ್ 19ರಂದು ಧಾರವಾಡದ ಕುಮಾರೇಶ್ವರ ನಗರದಲ್ಲಿ ಕಟ್ಟುತ್ತಿದ್ದ ಕಟ್ಟಡ ಕುಸಿಯಿತು. ಮೊದಲ ಸಂಜೆ ಬೆರಳೆಣಿಕೆಯಷ್ಟಿದ್ದ ಸಂಖ್ಯೆ ದಿನಗಳ ನಂತರ 19ಕ್ಕೆ ನಿಂತಿತು. ಅಷ್ಟು ದಿನವೂ ಅವಶೇಷದ ಪಕ್ಕ ತಮ್ಮವರಿಗಾಗಿ ಕಾಯುವ ಮನೆಯವರಿರುತ್ತಾರೆ, ಅವರ ಕೈಯಲ್ಲೂ ಫೋನ್ ಇರುತ್ತದೆ. ‘ಒಳಗೆ ಇಷ್ಟು ಮಂದಿ ಸತ್ತಿರಬಹುದು’ ಎಂಬ ಅಂದಾಜು ಅವರಿಗೆ ಅಂದಾಜಾಗಿ ಕೇಳಿಸುವುದಿಲ್ಲ. ಮನೆಯವರಿಗೆ ತಿಳಿಯುವ ಮೊದಲು ಮೃತರ ಹೆಸರು ಹೋಗಬಾರದು, ಮುಖವಂತೂ ಹೋಗಲೇಬಾರದು. ಬೇರೆ ವಾಹಿನಿ ತೋರಿಸಿತು ಎಂಬುದು ಕಾರಣವಾಗಲಾರದು.

ಯಾರ ಗುರುತು ತೋರಿಸಬಾರದು?

ಅತ್ಯಾಚಾರದ ಸಂತ್ರಸ್ತರ ಗುರುತು, ಭಾರತೀಯ ನ್ಯಾಯ ಸಂಹಿತೆಯ 72ನೇ ಕಲಂ. ಲೈಂಗಿಕ ದೌರ್ಜನ್ಯಕ್ಕೊಳಗಾದ ಮಕ್ಕಳದು, ಪೋಕ್ಸೊ 23. ಕಾನೂನಿನ ಸಂಘರ್ಷಕ್ಕೊಳಗಾದ ಅಥವಾ ರಕ್ಷಣೆ ಬೇಕಾದ ಮಕ್ಕಳದು, ಬಾಲನ್ಯಾಯ ಕಾಯ್ದೆಯ 74. ಮುಖ ಮಸುಕು ಮಾಡಿ ಮನೆಯ ಓಣಿ, ಶಾಲೆಯ ಫಲಕ, ತಂದೆಯ ಬೈಟ್ ತೋರಿಸಿದರೆ ಗುರುತು ಕೊಟ್ಟಂತೆಯೇ. ಸಣ್ಣ ಊರಿನಲ್ಲಿ ಓಣಿಯ ಹೆಸರೇ ಮನುಷ್ಯನ ಹೆಸರು. ಧಾರವಾಡದ ಮಾನಸಿಕ ಆರೋಗ್ಯ ಸಂಸ್ಥೆ ಡಿಮ್ಹಾನ್ಸ್‌ನಲ್ಲಿ ಚಿಕಿತ್ಸೆ ಪಡೆಯುತ್ತಿರುವವರ ಚಿತ್ರವನ್ನು ಅವರ ಒಪ್ಪಿಗೆಯಿಲ್ಲದೆ ತೋರಿಸುವಂತಿಲ್ಲ, 2017ರ ಮಾನಸಿಕ ಆರೋಗ್ಯ ಕಾಯ್ದೆ ಅದನ್ನು ತಡೆಯುತ್ತದೆ.

ರೈತ ಆತ್ಮಹತ್ಯೆಯ ಸುದ್ದಿ ಈ ಜಿಲ್ಲೆಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ವಿಧಾನ ವಿವರಿಸಬೇಡಿ, ಶವ ತೋರಿಸಬೇಡಿ, ಒಂದೇ ಕಾರಣಕ್ಕೆ ಗಂಟುಹಾಕಬೇಡಿ. ಸಾಲದ ದಾಖಲೆ, ಪಹಣಿ ಯಾರ ಹೆಸರಿನಲ್ಲಿದೆ ಎಂಬುದನ್ನು ನೋಡಿ. ಪರಿಹಾರದ 5 ಲಕ್ಷ ರೂಪಾಯಿ ಸಿಗುವುದು ಉಪವಿಭಾಗಾಧಿಕಾರಿ ಅಧ್ಯಕ್ಷತೆಯ ಸಮಿತಿ ಒಪ್ಪಿದ ಮೇಲೆ. ಆರು ತಿಂಗಳ ನಂತರ ಆ ಅರ್ಜಿ ಏನಾಯಿತೆಂದು ಕೇಳುವ ವರದಿ ಮೊದಲ ದಿನದ ವರದಿಗಿಂತ ಆ ಮನೆಗೆ ಹೆಚ್ಚು ನೆರವಾಗುತ್ತದೆ. ಸುದ್ದಿಯ ಕೊನೆಗೆ ಟೆಲಿ ಮಾನಸ್ ಸಂಖ್ಯೆ 14416 ಹಾಕಿಸಿ.

ಹೈಕೋರ್ಟ್ ಲೈವ್‌ಸ್ಟ್ರೀಮ್ ದೃಶ್ಯ ಬಳಸಬಹುದೇ?

ಅನುಮತಿ ಇಲ್ಲದೆ ಬೇಡ. ಕರ್ನಾಟಕ ಹೈಕೋರ್ಟಿನ ನೇರಪ್ರಸಾರ ನಿಯಮಗಳು ಅದನ್ನು ನಿಷೇಧಿಸುತ್ತವೆ. ನ್ಯಾಯಮೂರ್ತಿಗಳು ವಿಚಾರಣೆಯ ಮಧ್ಯೆ ಆಡಿದ ಮಾತು ಆದೇಶವಲ್ಲ, ಅದನ್ನು ‘ತೀರ್ಪು’ ಎಂದು ಬ್ರೇಕಿಂಗ್ ಕೊಡಬೇಡಿ.

ಪ್ರವಾಹದ ವರದಿಗೆ ಹೇಗೆ ತಯಾರಾಗಬೇಕು?

ನರಗುಂದ, ರೋಣ ಭಾಗಕ್ಕೆ ನೀರು ಬರುವುದು ಸವದತ್ತಿ ಬಳಿಯ ನವಿಲುತೀರ್ಥ ಜಲಾಶಯದಿಂದ. ಅಲ್ಲಿ ಗೇಟ್ ಎತ್ತಿದ ಸುದ್ದಿ ಬಂದರೆ ಕೊಣ್ಣೂರು, ಹೊಳೆಆಲೂರು ಕಡೆ ಹೊರಡುವ ಹೊತ್ತಾಯಿತು. ನವಲಗುಂದಕ್ಕೆ ಬೆಣ್ಣೆಹಳ್ಳ, ಹಾವೇರಿಗೆ ವರದಾ, ಧರ್ಮಾ, ಕುಮುದ್ವತಿ, ತುಂಗಭದ್ರಾ. ಹಳ್ಳದ ನೀರು ನದಿಯಂತೆ ಮುನ್ಸೂಚನೆ ಕೊಟ್ಟು ಏರುವುದಿಲ್ಲ, ರಾತ್ರಿ ಸುರಿದ ಮಳೆಗೆ ಬೆಳಗಾಗುವುದರೊಳಗೆ ಸೇತುವೆ ಮುಳುಗುತ್ತದೆ.

ಸ್ಕ್ರಿಪ್ಟಿನಲ್ಲಿ ಹೆಚ್ಚಾಗಿ ತಪ್ಪುವುದು ಕ್ಯೂಸೆಕ್ ಮತ್ತು ಟಿಎಂಸಿ. ಕ್ಯೂಸೆಕ್ ಹರಿವಿನ ಅಳತೆ, ಸೆಕೆಂಡಿಗೆ ಒಂದು ಘನ ಅಡಿ. ಟಿಎಂಸಿ ಸಂಗ್ರಹದ ಅಳತೆ, ನೂರು ಕೋಟಿ ಘನ ಅಡಿ. 11,574 ಕ್ಯೂಸೆಕ್ ನೀರು ಇಡೀ ದಿನ ಹರಿದರೆ ಒಂದು ಟಿಎಂಸಿ. ‘ಇಪ್ಪತ್ತು ಸಾವಿರ ಟಿಎಂಸಿ ಬಿಡುಗಡೆ’ ಎಂಬ ಸ್ಕ್ರೋಲ್ ಹೋದರೆ ನದಿ ದಂಡೆಯವರು ನಗಲಾರದಷ್ಟು ಗಾಬರಿಯಾಗುತ್ತಾರೆ. ಮತ್ತೊಂದು ಮಾತು, ನೀರಿನಲ್ಲಿ ನಿಂತು ಪಿಟಿಸಿ ಕೊಡುವ ಹುಚ್ಚು ಬೇಡ. ಮೊಣಕಾಲು ಮಟ್ಟದ ಹರಿಯುವ ನೀರು ದೊಡ್ಡವರನ್ನೂ ಕೆಡವುತ್ತದೆ, ಮತ್ತು ನಿಮ್ಮನ್ನು ನೋಡಿ ಹುಡುಗರೂ ಇಳಿಯುತ್ತಾರೆ.

ಡ್ರೋನ್ ಹಾರಿಸಬಹುದೇ?

ಮೊದಲು ಸರ್ಕಾರದ ಡಿಜಿಟಲ್ ಸ್ಕೈ ತಾಣದ ನಕ್ಷೆ ನೋಡಿ. ಹಸಿರು ವಲಯದಲ್ಲಿ 400 ಅಡಿವರೆಗೆ ಬೇರೆ ಅನುಮತಿ ಬೇಡ. ವಿಮಾನ ನಿಲ್ದಾಣದ ಗಡಿಯಿಂದ 8ರಿಂದ 12 ಕಿಲೊಮೀಟರ್ ನಡುವೆ 200 ಅಡಿವರೆಗೆ ಮಾತ್ರ, ಅದಕ್ಕಿಂತ ಹತ್ತಿರ ಅನುಮತಿ ಬೇಕೇ ಬೇಕು. ನಮ್ಮ ವಿಮಾನ ನಿಲ್ದಾಣ ಗೋಕುಲ ರಸ್ತೆಯಲ್ಲಿರುವುದರಿಂದ ಹುಬ್ಬಳ್ಳಿ ಊರೊಳಗೆ ಹಾಗೆಯೇ ಹಾರಿಸುವಂತಿಲ್ಲ ಎಂದೇ ತಿಳಿಯಿರಿ. 250 ಗ್ರಾಂ ಮೀರಿದ ಡ್ರೋನನ್ನು ಸುದ್ದಿಗೆ ಬಳಸುವುದಾದರೆ ಪೈಲಟ್ ಪ್ರಮಾಣಪತ್ರ ಬೇಕು.

ಪ್ರತಿಭಟನೆ, ಕಲ್ಲುತೂರಾಟದ ಜಾಗದಲ್ಲಿ ಎಲ್ಲಿ ನಿಲ್ಲಬೇಕು?

ಪೊಲೀಸರು ಮತ್ತು ಗುಂಪಿನ ನಡುವೆ ಅಲ್ಲ. ಬದಿಗೆ, ಎತ್ತರದಲ್ಲಿ, ಬೆನ್ನಿಗೆ ಗೋಡೆ ಇದ್ದು ಪಕ್ಕದಲ್ಲಿ ಹೊರಬೀಳುವ ಸಂದಿ ಇರುವ ಕಡೆ. ಬೈಕ್ ಹೊರಗಿನ ದಿಕ್ಕಿಗೆ ಮುಖ ಮಾಡಿ ನಿಲ್ಲಿಸಿ. ಹಳೆಯ ದೃಶ್ಯವನ್ನು ‘ಸಂಗ್ರಹ ಚಿತ್ರ’ ಎಂದು ಬರೆಯದೆ ಕಳಿಸಬೇಡಿ. ಕೋಮು ಸಂಬಂಧದ ಗಲಾಟೆಯಲ್ಲಿ ಒಂದು ಹಳೆಯ ಕ್ಲಿಪ್ ಇನ್ನೊಂದು ಊರಿಗೆ ಬೆಂಕಿ ಒಯ್ಯುತ್ತದೆ.

ಚುನಾವಣೆಯಲ್ಲಿ ಮಾಧ್ಯಮದವರಿಗೆ ಏನು ನಿರ್ಬಂಧ?

ಆಯೋಗದ ಅಧಿಕಾರ ಪತ್ರವಿಲ್ಲದೆ ಮತಗಟ್ಟೆಯೊಳಗೆ ಪ್ರವೇಶವಿಲ್ಲ. ಇದ್ದರೂ ಮತ ಹಾಕುವ ಮರೆಯ ಕಡೆ ಕ್ಯಾಮೆರಾ ತಿರುಗಿಸುವಂತಿಲ್ಲ. ಎಣಿಕೆ ಕೊಠಡಿಯಲ್ಲಿ ಟ್ರೈಪಾಡ್ ಇಲ್ಲ, ಕೈಯಲ್ಲಿ ಹಿಡಿದ ಕ್ಯಾಮೆರಾದಿಂದ ಗೆರೆಯ ಈಚೆ ನಿಂತು ತೆಗೆಯಬೇಕು. ಮತದಾನ ಮುಗಿಯುವುದಕ್ಕೆ 48 ಗಂಟೆ ಮೊದಲಿನಿಂದ ಪ್ರಚಾರವಾಗುವಂಥದ್ದನ್ನು ಟಿ.ವಿ. ತೋರಿಸುವಂತಿಲ್ಲ. ಅಭ್ಯರ್ಥಿಯ ಹಣದಿಂದ ಸುದ್ದಿಯಂತೆ ಕಾಣುವ ಕಾರ್ಯಕ್ರಮ ಮಾಡಿದರೆ ಜಿಲ್ಲೆಯ ಮಾಧ್ಯಮ ಉಸ್ತುವಾರಿ ಸಮಿತಿ ಹೇಳಿದ ಮೇಲೆ ಚುನಾವಣಾಧಿಕಾರಿ ಅಭ್ಯರ್ಥಿಗೆ ನೋಟಿಸ್ ಕೊಡುತ್ತಾರೆ, ಖಚಿತವಾದರೆ ಖರ್ಚು ಅಭ್ಯರ್ಥಿಯ ಲೆಕ್ಕಕ್ಕೆ ಸೇರುತ್ತದೆ.

ಪ್ರೆಸ್ ಮೀಟ್‌ನಲ್ಲಿ ‘ಕವರ್’ ಕೊಟ್ಟರೆ?

ತೆಗೆದುಕೊಳ್ಳಬೇಡಿ. ಎಲ್ಲರ ಮುಂದೆ ಗದ್ದಲ ಮಾಡುವುದೂ ಬೇಡ, ‘ಬ್ಯಾಡ್ರಿ ಸರ’ ಎಂದು ಅಲ್ಲೇ ವಾಪಸ್ ಇಟ್ಟು ಬನ್ನಿ. ಒಂದು ಸಲ ತೆಗೆದುಕೊಂಡವರ ಹೆಸರು ಆ ಕಚೇರಿಯ ಪಟ್ಟಿಯಲ್ಲಿ ಕಾಯಂ ಆಗುತ್ತದೆ. ಇದಕ್ಕಿಂತ ಕಠಿಣವಾದದ್ದು ಜಾಹೀರಾತಿನ ಗುರಿ. ಕೆಲವು ವಾಹಿನಿಗಳು ವರದಿಗಾರರಿಗೇ ಹಬ್ಬದ ಜಾಹೀರಾತು ತರಲು ಹೇಳುತ್ತವೆ. ಬೆಳಿಗ್ಗೆ ಆಸ್ಪತ್ರೆಯ ನಿರ್ಲಕ್ಷ್ಯದ ಸುದ್ದಿ, ಸಂಜೆ ಅದೇ ಆಸ್ಪತ್ರೆಗೆ ಜಾಹೀರಾತಿನ ಬೇಡಿಕೆ: ಇದರಿಂದ ಎರಡೂ ಕೆಡುತ್ತವೆ, ಹೊರಗಿನವರಿಗೆ ಅದು ಬೆದರಿಕೆಯಂತೆಯೇ ಕಾಣುತ್ತದೆ. ಕೆಲಸಕ್ಕೆ ಸೇರುವಾಗಲೇ ಈ ಪ್ರಶ್ನೆ ಕೇಳಿ ಉತ್ತರ ಪಡೆಯಿರಿ.

ಹಣದ ಲೆಕ್ಕ ಹೇಗೆ ಇಡಬೇಕು?

ಸುದ್ದಿಯ ಲೆಕ್ಕದವರು ಕಳಿಸಿದ್ದೆಷ್ಟು, ಪ್ರಸಾರವಾದದ್ದೆಷ್ಟು, ಹಣ ಬಂದದ್ದೆಷ್ಟಕ್ಕೆ ಎಂಬ ಮೂರು ಕಾಲಮ್ಮಿನ ಪುಸ್ತಕ ಇಡಲೇಬೇಕು. ಹುಬ್ಬಳ್ಳಿಯಿಂದ ಗದಗಕ್ಕೆ ಹೋಗಿ ಬರಲು ಸುಮಾರು 120 ಕಿಲೊಮೀಟರ್, ಬೈಕ್ ಲೀಟರಿಗೆ 50 ಕೊಟ್ಟರೂ ಎರಡೂವರೆ ಲೀಟರ್. ಒಂದು ಸುದ್ದಿಯ ಹಣ ಪೆಟ್ರೋಲಿಗೇ ಸರಿಹೋಗುವುದಾದರೆ ಆ ದಾರಿಯಲ್ಲಿ ಇನ್ನೊಂದು ಸುದ್ದಿ ಹುಡುಕಿಕೊಂಡೇ ಹೊರಡಿ. ಕೊಡುವ ಹಣದಲ್ಲಿ ಟಿಡಿಎಸ್ ಹಿಡಿದಿದ್ದರೆ ಆದಾಯ ತೆರಿಗೆ ತಾಣದಲ್ಲಿ ಕಾಣುತ್ತದೆ. ಆದಾಯ ಮಿತಿಯೊಳಗಿದ್ದರೆ ರಿಟರ್ನ್ ಸಲ್ಲಿಸಿ ವಾಪಸ್ ಪಡೆಯಬಹುದು, ಎಷ್ಟೋ ಜನ ಅದನ್ನು ಬಿಟ್ಟುಬಿಡುತ್ತಾರೆ. 1955ರ ಕಾರ್ಯನಿರತ ಪತ್ರಕರ್ತರ ಕಾಯ್ದೆ ಪತ್ರಿಕೆಗಳಿಗೆಂದು ಮಾಡಿದ್ದು, ಟಿ.ವಿ.ಯವರು ಅದರ ಹೊರಗೇ ಉಳಿದಿದ್ದರು. 2020ರ ಔದ್ಯೋಗಿಕ ಸುರಕ್ಷತಾ ಸಂಹಿತೆಯ ವ್ಯಾಖ್ಯೆಯಲ್ಲಿ ವಿದ್ಯುನ್ಮಾನ ಮಾಧ್ಯಮವೂ ಸೇರಿದೆ. ಏನೇ ಇರಲಿ, ಅಪಘಾತ ವಿಮೆ ಮತ್ತು ಆರೋಗ್ಯ ವಿಮೆಯನ್ನು ನಿಮ್ಮ ಹಣದಿಂದಲೇ ಮಾಡಿಸಿಡಿ.

ಮಾನ್ಯತಾ ಕಾರ್ಡ್ ಇಲ್ಲದೆ ಕೆಲಸ ಮಾಡಬಹುದೇ?

ಮಾಡಬಹುದು. ಅದು ಪರವಾನಗಿಯಲ್ಲ. ಕಾರ್ಡ್ ಬೇಕಿದ್ದರೆ ಸಂಸ್ಥೆಯ ಸಂಪಾದಕರ ಪತ್ರದೊಂದಿಗೆ ವಾರ್ತಾ ಇಲಾಖೆಗೆ ಅರ್ಜಿ ಹಾಕಬೇಕು. ಬೈಕಿನ ಮೇಲಿನ ‘ಪ್ರೆಸ್’ ಸ್ಟಿಕರ್‌ಗೆ ಕಾನೂನಿನ ಬಲವಿಲ್ಲ.

ಹೆಣ್ಣುಮಕ್ಕಳಿಗೆ ಈ ಕೆಲಸ ಸಾಧ್ಯವೇ?

ಸಾಧ್ಯ, ಮತ್ತು ಬೇಕು. ಮನೆಯೊಳಗಿನ ಹೆಣ್ಣುಮಕ್ಕಳ ಮಾತು ಗಂಡು ವರದಿಗಾರನ ಮೈಕಿಗೆ ಬರುವುದೇ ಕಡಿಮೆ. ಸೇರುವ ಮೊದಲು ರಾತ್ರಿ ಕರೆಗೆ ವಾಹನ ಯಾರದು, ಪರ ಊರಿನಲ್ಲಿ ಉಳಿಯಬೇಕಾದರೆ ವಸತಿ ಯಾರದು ಎಂದು ಕೇಳಿ. ಕಿರುಕುಳವಾದರೆ ಹತ್ತು ಜನರಿಗಿಂತ ಕಡಿಮೆ ಇರುವ ಬ್ಯೂರೋದವರು ಜಿಲ್ಲೆಯ ಸ್ಥಳೀಯ ಸಮಿತಿಗೆ ಮೂರು ತಿಂಗಳೊಳಗೆ ದೂರು ಕೊಡಬಹುದು, 2013ರ ಕಾಯ್ದೆ ಈ ದಾರಿ ಕೊಟ್ಟಿದೆ. ಸಣ್ಣ ಕಚೇರಿಗೆ ಸಮಿತಿಯೇ ಇಲ್ಲ ಎಂದು ಸುಮ್ಮನಾಗುವವರು ಬಹಳ.

ಬೆಳೆಯಬೇಕೆಂದರೆ ಬೆಂಗಳೂರಿಗೇ ಹೋಗಬೇಕೇ?

ಆ್ಯಂಕರ್, ಇನ್‌ಪುಟ್ (ಸುದ್ದಿ ತರಿಸುವ), ಔಟ್‌ಪುಟ್ (ಪ್ರಸಾರಕ್ಕೆ ಸಿದ್ಧಪಡಿಸುವ) ಹುದ್ದೆಗಳು ಅಲ್ಲಿವೆ, ಅವು ಬೇಕಿದ್ದರೆ ಹೋಗಬೇಕು. ಮೂರು-ನಾಲ್ಕು ವರ್ಷ ಜಿಲ್ಲೆಯಲ್ಲಿ ದುಡಿದು ಹೋದವರು ಡೆಸ್ಕಿನಲ್ಲಿ ಎದ್ದು ಕಾಣುತ್ತಾರೆ, ಏಕೆಂದರೆ ರೋಣ ಯಾವ ಜಿಲ್ಲೆಯಲ್ಲಿದೆ ಎಂದು ಅವರು ಯಾರನ್ನೂ ಕೇಳಬೇಕಿಲ್ಲ. ಇಲ್ಲೇ ಉಳಿಯುವವರಿಗೆ ವಿಷಯದ ಹಿಡಿತವೇ ಬಡ್ತಿ. ನೀರಾವರಿ, ಎಪಿಎಂಸಿ, ಹೈಕೋರ್ಟ್, ರೈಲ್ವೆ, ಇವುಗಳಲ್ಲಿ ಒಂದನ್ನು ಹತ್ತು ವರ್ಷ ಬೆನ್ನುಹತ್ತಿದವರನ್ನು ಬೇರೆ ವಾಹಿನಿಯವರೂ ಫೋನ್ ಮಾಡಿ ಕೇಳುತ್ತಾರೆ.

ತಪ್ಪು ಸುದ್ದಿ ಹೋಗಿಬಿಟ್ಟರೆ?

ಡೆಸ್ಕಿಗೆ ನೀವೇ ಮೊದಲು ಫೋನ್ ಮಾಡಿ. ಸ್ಕ್ರೋಲ್, ಯೂಟ್ಯೂಬ್, ಫೇಸ್‌ಬುಕ್ ಮೂರರಿಂದಲೂ ತೆಗೆಸಿ. ಟಿ.ವಿ.ಯಲ್ಲಿ ನಿಂತುಹೋದದ್ದು ಯೂಟ್ಯೂಬಿನಲ್ಲಿ ವರ್ಷಗಟ್ಟಲೆ ಉಳಿಯುತ್ತದೆ. ತಪ್ಪು ಹೋದ ಅದೇ ಬುಲೆಟಿನ್ ಹೊತ್ತಿನಲ್ಲಿ ತಿದ್ದುಪಡಿ ಕೇಳಿ. ಆಮೇಲೆ ಸಂಬಂಧಪಟ್ಟವರ ಮನೆಗೆ ಹೋಗಿ ಹೇಳಿ, ಫೋನಿನಲ್ಲಲ್ಲ. ಮೂಲ ಫೈಲ್, ಡೆಸ್ಕಿಗೆ ಕಳಿಸಿದ ಸ್ಕ್ರಿಪ್ಟ್, ಕಳಿಸಿದ ಸಮಯ ಜೋಪಾನವಾಗಿರಲಿ. ನೀವು ಬರೆದದ್ದೊಂದು, ಪರದೆಯ ಮೇಲಿನ ಶೀರ್ಷಿಕೆ ಇನ್ನೊಂದು ಆದಾಗ ಅದೇ ಸಾಕ್ಷಿ.

ಹಳೆಯ ದೃಶ್ಯಗಳನ್ನು ಎಷ್ಟು ದಿನ ಇಡಬೇಕು?

ಆಗುವಷ್ಟೂ ದಿನ. ವಾಹಿನಿಗಳು ಮುಚ್ಚುತ್ತವೆ, ಮಾಲೀಕರು ಬದಲಾಗುತ್ತಾರೆ, ಸರ್ವರ್ ಅಳಿಸುತ್ತಾರೆ. ಜಿಲ್ಲೆಯ ಇಪ್ಪತ್ತು ವರ್ಷದ ಚಿತ್ರಗಳು ವರದಿಗಾರರ ಮನೆಯ ಡಬ್ಬಿಗಳಲ್ಲೇ ಉಳಿದಿವೆ, ಅವೂ ಹಳೆಯ ಡಿವಿ ಕ್ಯಾಸೆಟ್‌ಗಳಾದ್ದರಿಂದ ಆಡಿಸುವ ಯಂತ್ರ ಸಿಗುತ್ತಿಲ್ಲ. ಕ್ಯಾಸೆಟ್‌ಗಳನ್ನು ನಿಲ್ಲಿಸಿ ಇಡಿ, ಮಲಗಿಸಬೇಡಿ. ಶಿಲೀಂಧ್ರದ ಬಿಳಿ ಪುಡಿ ಕಂಡ ಕ್ಯಾಸೆಟನ್ನು ಯಂತ್ರಕ್ಕೆ ಹಾಕಬೇಡಿ, ಹೆಡ್ ಕೆಟ್ಟು ಮುಂದಿನ ಒಳ್ಳೆಯ ಕ್ಯಾಸೆಟ್ಟೂ ಹಾಳಾಗುತ್ತದೆ. ಹೊಸ ಫೈಲುಗಳನ್ನು ಎರಡು ಹಾರ್ಡ್‌ಡಿಸ್ಕ್‌ನಲ್ಲಿ, ಎರಡು ಬೇರೆ ಮನೆಯಲ್ಲಿ ಇಡಿ, ಆರು ತಿಂಗಳಿಗೊಮ್ಮೆ ತೆರೆದು ನೋಡಿ. ಜೊತೆಗೆ ಒಂದು ನೋಟ್‌ಬುಕ್ಕಿನಲ್ಲಿ ದಿನಾಂಕ, ಊರು, ಚಿತ್ರದಲ್ಲಿರುವವರ ಹೆಸರು ಬರೆಯಿರಿ. ದೃಶ್ಯ ಉಳಿದು ಅದರಲ್ಲಿರುವವರು ಯಾರೆಂದು ಹೇಳುವವರೇ ಇಲ್ಲದ ಕ್ಯಾಸೆಟ್‌ಗಳು ಈಗಾಗಲೇ ಬಹಳವಿವೆ.